ಗೆರೆಗೆ ಅಗಲ ಎಷ್ಟು? ಪೆರ್ಲದ ಸುತ್ತ ಆರು ದಿನ

ಮೊದಲ ದಿನ, ಶನಿವಾರ

ಬೆಳಗ್ಗೆ ಆರೂವರೆಗೆ ಬೆಂಗಳೂರಿನ ಬಸ್ಸು ನಮ್ಮನ್ನು ಕಲ್ಲಡ್ಕದಲ್ಲಿ ಇಳಿಸಿತು. ನಾನು ಮತ್ತು ಅಣ್ಣನ ಮಗಳು ಪುಟ್ಟಿ. ಡಿಸೆಂಬರಿನ ಚಳಿ ಸ್ವಲ್ಪ ಇತ್ತು. ಕಲ್ಲಡ್ಕದಲ್ಲಿ ಇಳಿದ ಮೇಲೆ ಕೆ.ಟಿ., ಅಂದರೆ ಕಲ್ಲಡ್ಕ ಟೀ, ಕುಡಿಯದೆ ಇರಲು ಆಗುತ್ತದಾ? ಗಾಜಿನ ಲೋಟದಲ್ಲಿ ಕೆಳಗೆ ಹಾಲು, ಮೇಲೆ ಚಹಾದ ಡಿಕಾಕ್ಷನ್. ಎರಡೂ ಬೆರೆಯದೆ ನಿಂತಿರುತ್ತವೆ. ಪುಟ್ಟಿ ಲೋಟವನ್ನು ಕಣ್ಣಿನ ಮಟ್ಟಕ್ಕೆ ಎತ್ತಿ ಹಿಡಿದಳು.

"ಅತ್ತೆ, ಹಾಲು ಎಲ್ಲಿ ಮುಗಿಯಿತು, ಚಹಾ ಎಲ್ಲಿ ಶುರುವಾಯಿತು, ಹೇಳಿ ನೋಡೋಣ."

ಹೇಳಲು ಆಗಲಿಲ್ಲ. ಬಿಳಿಗೂ ಕಪ್ಪಿಗೂ ನಡುವೆ ತೆಳ್ಳಗೆ ಒಂದು ಕಂದು ಪಟ್ಟಿ ಇತ್ತು. ಅದು ಹಾಲೂ ಹೌದು, ಚಹಾವೂ ಹೌದು. ನಾನು ಊರಿಗೆ ಹೊರಟದ್ದೇ ಅಂಥದ್ದೊಂದು ಪಟ್ಟಿ ಹುಡುಕಿಕೊಂಡು. ಅದನ್ನು ಸ್ವಲ್ಪ ಬಿಡಿಸಿ ಹೇಳಬೇಕು.

ನಾಲ್ಕು ವರ್ಷದಿಂದ ನಾನು ಒಂದು ಕಾದಂಬರಿ ಬರೆಯುತ್ತಿದ್ದೇನೆ. ಅದು ನಡೆಯುವುದು ಹಾಸುನಾಡು ಎಂಬ ಲೋಕದಲ್ಲಿ. ಅಲ್ಲಿ ಗುಡ್ಡ ಬೆಟ್ಟ ಇಲ್ಲ. ನೆಲವೆಲ್ಲ ಹಾಸುಗಲ್ಲಿನ ಹಾಗೆ ಚಪ್ಪಟೆ. ಅಲ್ಲಿಯ ದೇವರಿಗೆ ಮೂರ್ತಿ ಇಲ್ಲ, ಹೆಸರೂ ಇಲ್ಲ. ಜನ ನಂಬುವುದು ಆಕಾರಗಳನ್ನು. ಆ ನಂಬಿಕೆಗೆ 'ಗೆರೆದಾರಿ' ಅಂತ ಹೆಸರಿಟ್ಟಿದ್ದೇನೆ. ಅದನ್ನು ಕಾಪಾಡಿಕೊಂಡು ಬಂದವರು ಹಗ್ಗದವರು. ಅವರಲ್ಲಿ ಗ್ರಂಥ ಇಲ್ಲ. ಗಂಟು ಹಾಕಿದ ಒಂದು ಹಗ್ಗ ಇದೆ. ಗಂಟು ಮುಟ್ಟಿಕೊಂಡೇ ಮಂತ್ರ ಹೇಳುತ್ತಾರೆ.

ಗೆರೆದಾರಿ ಹೀಗೆ ಶುರುವಾಗುತ್ತದೆ. ಮೊದಲು ಒಂದು ಚುಕ್ಕಿ ಇತ್ತು. ಅದಕ್ಕೆ ಒಂಟಿ ಅನ್ನಿಸಿತು. ಹೊರಟಿತು. ಅದು ಹೋದ ಹಾದಿಯೇ ಗೆರೆ. ಆ ಗೆರೆಗೆ ಇನ್ನೊಂದು ಗೆರೆ ಸಿಕ್ಕಿತು. ಆದರೆ ಎರಡು ಗೆರೆ ಸೇರಿದರೆ ಮನೆ ಆಗುವುದಿಲ್ಲ. ಮೂರನೆಯದು ಬಂದಾಗ ಮೊದಲ ಸಲ 'ಒಳಗೆ' ಎಂಬುದು ಹುಟ್ಟಿತು. ಅದೇ ಗಳಿಗೆಯಲ್ಲಿ 'ಹೊರಗೆ' ಎಂಬುದೂ ಹುಟ್ಟಿತು. ಅದಕ್ಕೇ ಹಗ್ಗದವರು ತ್ರಿಕೋನವನ್ನು ತಾಯಿ ಅನ್ನುತ್ತಾರೆ, ಮೊದಲ ತಪ್ಪು ಅಂತಲೂ ಅನ್ನುತ್ತಾರೆ. ವೃತ್ತ ಎಲ್ಲಕ್ಕಿಂತ ಪವಿತ್ರ. ಯಾಕೆಂದರೆ ಅದನ್ನು ಒಬ್ಬರೇ ಬರೆಯಲಾರರು. ಒಬ್ಬರು ಹಗ್ಗದ ತುದಿ ಹಿಡಿದು ನಡುವೆ ಅಲುಗದೆ ನಿಲ್ಲಬೇಕು, ಇನ್ನೊಬ್ಬರು ಸುತ್ತು ಬರಬೇಕು. ನಿಲ್ಲುವವರಿಗೆ 'ಗೂಟ' ಅಂತ ಹೆಸರು. ಗೂಟವಾಗಿ ನಿಲ್ಲುವುದು ಹಾಸುನಾಡಿನ ಅತಿ ದೊಡ್ಡ ವ್ರತ. ಒಬ್ಬ ಮನುಷ್ಯ ಸತ್ತಾಗ ಅವನು ಬದುಕಿನಲ್ಲಿ ಓಡಾಡಿದ ಜಾಗಗಳನ್ನೆಲ್ಲ ಸೇರಿಸಿ ಹಗ್ಗದವರು ಒಂದು ಆಕಾರ ಬರೆದು ಮುಚ್ಚುತ್ತಾರೆ. ಆಗಲೇ ಅವನಿಗೆ ಬಿಡುಗಡೆ.

ಇಲ್ಲಿಯವರೆಗೆ ಬರವಣಿಗೆ ಸರಾಗವಾಗಿ ಸಾಗಿತ್ತು. ಸಿಕ್ಕಾದದ್ದು ನಡುವಳ್ಳಿಯಲ್ಲಿ. ಎರಡು ರಾಜ್ಯಗಳ ಗಡಿಗೆರೆಯ ಮೇಲೆಯೇ ಇರುವ ಊರು ಅದು. ಗೆರೆಗೆ ಉದ್ದ ಮಾತ್ರ, ಅಗಲ ಇಲ್ಲ ಎನ್ನುವುದು ಗೆರೆದಾರಿಯ ಮೊದಲ ಮಾತು. ನಮ್ಮ ಲೋಕದಲ್ಲೂ ಸುಮಾರು 2300 ವರ್ಷಗಳ ಹಿಂದೆ ಗ್ರೀಕ್ ಗಣಿತಜ್ಞ ಯೂಕ್ಲಿಡ್ ಗೆರೆಯನ್ನು ಅಗಲವಿಲ್ಲದ ಉದ್ದ ಅಂತಲೇ ವಿವರಿಸಿದ. ಹಾಗಾದರೆ ನಡುವಳ್ಳಿಗೆ ಜಾಗವೇ ಇಲ್ಲ. ಎರಡೂ ಕಡೆಯ ರಾಜರು ಆ ಜನರನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ. ಅವರು ಸತ್ತರೆ ಹಗ್ಗದವರು ಆಕಾರ ಬರೆಯುವುದಿಲ್ಲ. ಅವರನ್ನು ಹೇಗೆ ಬದುಕಿಸುವುದು ಅಂತ ತಿಳಿಯದೆ ಎರಡು ವರ್ಷ ಬರವಣಿಗೆ ನಿಂತಿತ್ತು.

ನಡುವಳ್ಳಿ ಎಲ್ಲಿಂದ ಬಂತು ಅಂತ ಪುಟ್ಟಿ ಕೇಳಿದ್ದಳು. ಗಡಿಯ ಹತ್ತಿರ, ಕೇರಳದ ಕಾಸರಗೋಡು ಜಿಲ್ಲೆಯಲ್ಲಿರುವ ಪೆರ್ಲದಿಂದ ಬಂತು. ನನ್ನ ಅಮ್ಮನ ಅಕ್ಕನ, ಅಂದರೆ ದೊಡ್ಡಬ್ಬೆಯ ಮನೆ ಅಲ್ಲಿ. ನನ್ನ ಬಾಲ್ಯದ ರಜೆಗಳೆಲ್ಲ ಅಲ್ಲಿಯೇ ಕಳೆದವು. ಹಾಗಾಗಿ ಉತ್ತರವೂ ಅಲ್ಲೇ ಸಿಗಬಹುದು ಅನ್ನಿಸಿ ಹೊರಟೆವು.

ವಿಟ್ಲ, ಅಡ್ಯನಡ್ಕ ದಾಟಿ ಸಾರಡ್ಕಕ್ಕೆ ಬಂದರೆ ಕರ್ನಾಟಕ ಮುಗಿಯುತ್ತದೆ. ಪುಟ್ಟಿ ಕಿಟಕಿಗೆ ಮುಖ ಒತ್ತಿ ಕೂತಿದ್ದಳು. ಅಂಗಡಿಗಳ ಬೋರ್ಡಿನಲ್ಲಿ ಮಲಯಾಳ ಅಕ್ಷರ ಬಂತು. ಅದರ ಪಕ್ಕದಲ್ಲೇ ಕನ್ನಡವೂ ಇತ್ತು. ಮಣ್ಣು ಅದೇ ಕೆಂಪು. ಅಡಿಕೆ ತೋಟ ಅದೇ. ಹಿಂದಿನ ಸೀಟಿನಲ್ಲಿ ಇಬ್ಬರು ತುಳುವಿನಲ್ಲಿ ಮಾತಾಡುತ್ತಿದ್ದವರು ಮಾತು ನಿಲ್ಲಿಸಲೇ ಇಲ್ಲ.

ರಾತ್ರಿ ಊಟಕ್ಕೆ ದೊಡ್ಡಬ್ಬೆ ಸೌತೆಕಾಯಿ ಮೇಲಾರ ಮಾಡಿದ್ದರು, ಜೊತೆಗೆ ಹಲಸಿನ ಹಪ್ಪಳ. ಜಗಲಿಯಲ್ಲಿ ಕೂತು ನಾನು ದೊಡ್ಡಪ್ಪನಿಗೆ ನಡುವಳ್ಳಿಯ ಕತೆ ಹೇಳಿದೆ. ಅವರು ಪೂರ್ತಿ ಕೇಳಿದರು. ಆಮೇಲೆ ಹವ್ಯಕ ಕನ್ನಡದಲ್ಲಿ ಒಂದೇ ಮಾತು ಕೇಳಿದರು, ಗೆರೆಗೆ ಅಗಲ ಇಲ್ಲ ಅಂತ ಯಾರು ಹೇಳಿದ್ದು ಅಂತ.

"ಗೆರೆಗೆ ಅಗಲ ಇಲ್ಲೆ ಹೇಳಿ ಆರು ಹೇಳಿದ್ದು ಕೂಸೇ?"

ಎರಡನೇ ದಿನ, ಭಾನುವಾರ

ಮನೆಯ ಮೇಲಿನ ಗುಡ್ಡೆಯಲ್ಲಿ ದೊಡ್ಡಪ್ಪ ಒಂದು ತುಂಡು ಜಾಗ ಹೊಸದಾಗಿ ಹದ ಮಾಡಿಸಿದ್ದಾರೆ. ಮುಂದಿನ ಮಳೆಗಾಲಕ್ಕೆ ಅಡಿಕೆ ಸಸಿ ಇಡುವ ಯೋಚನೆ. ಈಗಲೇ ಗೂಟ ಹೊಡೆದು ಗುರುತು ಮಾಡುತ್ತಿದ್ದಾರೆ. ಅಡಿಕೆಗೆ ನಮ್ಮ ಕಡೆ ಒಂಬತ್ತು ಅಡಿ ಅಂತರ. ಸಾಮಾನ್ಯವಾಗಿ ಚೌಕ ಚೌಕವಾಗಿ ಇಡುತ್ತಾರೆ. ಈ ತುಂಡಿನಲ್ಲಿ ಮಾತ್ರ ತ್ರಿಕೋನದಲ್ಲಿ ಇಟ್ಟು ನೋಡೋಣ ಅಂತ ಅವರಿಗೆ ಆಸೆ.

ಎರಡು ಗೂಟ ಒಂಬತ್ತು ಅಡಿ ದೂರದಲ್ಲಿ. ಒಂದೊಂದಕ್ಕೂ ಒಂಬತ್ತು ಅಡಿಯ ಹಗ್ಗ. ಎರಡೂ ಹಗ್ಗದ ತುದಿ ಎಲ್ಲಿ ಸೇರುತ್ತದೋ ಅಲ್ಲಿ ಮೂರನೇ ಗೂಟ. ಪುಟ್ಟಿ ಒಂದು ತುದಿ ಹಿಡಿದಳು, ನಾನು ಇನ್ನೊಂದು. ಯೂಕ್ಲಿಡ್ ತನ್ನ ಮೊದಲ ಪುಸ್ತಕದಲ್ಲಿ ಮೊಟ್ಟಮೊದಲು ಮಾಡಿ ತೋರಿಸುವುದೂ ಇದನ್ನೇ, ಎರಡು ವೃತ್ತ ಬರೆದು ಒಂದು ಸಮಬಾಹು ತ್ರಿಕೋನ ಕಟ್ಟುವುದನ್ನು. ನಮ್ಮ ದೇಶದಲ್ಲಿ ಯಜ್ಞದ ಇಟ್ಟಿಗೆ ಜೋಡಿಸಲು ಅಳತೆ ಹೇಳುವ ಶಾಸ್ತ್ರಕ್ಕೆ ಶುಲ್ಬ ಎಂದು ಹೆಸರು. ಶುಲ್ಬ ಅಂದರೂ ಹಗ್ಗವೇ. ಆಯತದ ಕರ್ಣದ ಮೇಲೆ ಹಗ್ಗ ಹಿಡಿದರೆ ಎರಡೂ ಬದಿಗಳ ಕ್ಷೇತ್ರ ಸೇರಿದಷ್ಟು ಕ್ಷೇತ್ರ ಬರುತ್ತದೆ ಎಂದು ಬೌಧಾಯನ ಅದರಲ್ಲೇ ಹೇಳಿದ್ದು. ಹಾಸುನಾಡಿನ ಹಗ್ಗದವರು ನನ್ನ ತಲೆಗೆ ಬಂದದ್ದೂ ಅಲ್ಲಿಂದಲೇ.

ತ್ರಿಕೋನದಲ್ಲಿ ಸಾಲಿನಿಂದ ಸಾಲಿಗೆ ಒಂಬತ್ತು ಅಡಿ ಬೇಕಾಗುವುದಿಲ್ಲ. ಏಳು ಅಡಿ ಒಂಬತ್ತೂವರೆ ಇಂಚು ಸಾಕು. ಗಿಡಕ್ಕೆ ಗಿಡ ಮಾತ್ರ ಒಂಬತ್ತು ಅಡಿ ದೂರವೇ ಉಳಿಯುತ್ತದೆ. ಅಷ್ಟೇ ಜಾಗದಲ್ಲಿ ನೂರಕ್ಕೆ ಹದಿನೈದು ಗಿಡ ಜಾಸ್ತಿ ಹಿಡಿಯುತ್ತದೆ. ಪುಟ್ಟಿಗೆ ಇದು ನಂಬಲು ಕಷ್ಟವಾಯಿತು. ಕೋಲಿನಿಂದ ನೆಲದ ಮೇಲೆ ಗೀಚಿ ಲೆಕ್ಕ ಹಾಕಿದಳು. ಸರಿ ಬಂತು.

ನಾಲ್ಕನೇ ಸಾಲಿಗೆ ದೊಡ್ಡಪ್ಪ ನಿಲ್ಲಿಸಿದರು. "ನೀನು ಗೂಟದ ಯಾವ ಮಗ್ಗುಲಿನಿಂದ ಅಳತೆ ಹಿಡಿಯುತ್ತಿದ್ದೀ?" ಅಂತ ಪುಟ್ಟಿಯನ್ನು ಕೇಳಿದರು. ಅವಳು ಒಂದು ಗೂಟದ ಆಚೆ ಮಗ್ಗುಲಿನಿಂದ ಹಿಡಿದು ಮುಂದಿನ ಗೂಟದ ಈಚೆ ಮಗ್ಗುಲಿಗೆ ಮುಗಿಸುತ್ತಿದ್ದಳು. "ಎರಡು ಬೆರಳು ದಪ್ಪದ ಗೂಟ. ಹತ್ತು ಸಾಲಿಗೆ ಇಪ್ಪತ್ತು ಬೆರಳು ಹೆಚ್ಚಾಯಿತು. ನಿನ್ನ ಅತ್ತೆಯ ಚುಕ್ಕಿಗೆ ಗಾತ್ರ ಇರಲಿಕ್ಕಿಲ್ಲ. ನನ್ನ ಗೂಟಕ್ಕೆ ಉಂಟು."

ನಾವು ಎಲ್ಲ ಕಿತ್ತು ಮೊದಲಿನಿಂದ ಹೊಡೆದೆವು. ದೊಡ್ಡಪ್ಪ ಹಗ್ಗದ ಬುಡ ಹಿಡಿದು ಬಿಸಿಲಿನಲ್ಲಿ ನಿಂತಿದ್ದರು. ಅವರ ತಮ್ಮಂದಿರು ಮಂಗಳೂರು, ಮುಂಬಯಿ ಅಂತ ಹೊರಟುಹೋದರು. ಮಕ್ಕಳೂ ಹೋದರು. ನಾವೆಲ್ಲ ರಜೆಗೆ ಬಂದು ಹೋಗುವುದು ಅವರು ಇಲ್ಲಿ ನಿಂತಿರುವುದರಿಂದ. ಗೂಟದ ವ್ರತವನ್ನು ನಾನು ಯಾರನ್ನು ನೋಡಿ ಬರೆದೆ ಅಂತ ನನಗೆ ಆಗಲೇ ಗೊತ್ತಾದದ್ದು. ಅವರಿಗೆ ಹೇಳಲಿಲ್ಲ.

ಸಂಜೆ ಪಕ್ಕದ ಮನೆಯಲ್ಲಿ ಆಶ್ಲೇಷಾ ಬಲಿ, ಅಂದರೆ ನಾಗನ ಪೂಜೆ, ಇತ್ತು. ಮಂಡಲ ಬರೆಯುವುದನ್ನು ಮೊದಲಿನಿಂದ ನೋಡಬೇಕು ಅಂತ ಬೇಗ ಹೋದೆವು. ಭಟ್ರು ದಾರಕ್ಕೆ ಹಿಟ್ಟು ಸವರಿ, ಎರಡು ಕಡೆ ಬಿಗಿಯಾಗಿ ಹಿಡಿದು, ನಡುವೆ ಎತ್ತಿ ಬಿಟ್ಟರು. ಟಪ್ ಅಂತ ಶಬ್ದ. ನೆಲದ ಮೇಲೆ ನೇರ ಗೆರೆ. ಹಾಗೇ ಚೌಕ, ಕರ್ಣ, ಮನೆಗಳು. ಅದರ ಮೇಲೆ ಹಾವು ಏಳುತ್ತಾ ಬಂತು. ಅಕ್ಕಿಹಿಟ್ಟಿನ ಬಿಳಿ, ಅರಸಿನದ ಹಳದಿ, ಅರಸಿನಕ್ಕೆ ಸುಣ್ಣ ಬೆರೆಸಿದ ಕೆಂಪು, ಎಲೆಯ ಪುಡಿಯ ಹಸಿರು, ಸುಟ್ಟ ಉಮಿಯ ಕಪ್ಪು. ಹೆಬ್ಬೆರಳು ಮತ್ತು ತೋರುಬೆರಳಿನ ನಡುವಿನಿಂದ ಪುಡಿ ಇಳಿಯುವುದನ್ನು ನೋಡುತ್ತಾ ಕೂತರೆ ಹೊತ್ತು ಹೋಗುವುದೇ ಗೊತ್ತಾಗುವುದಿಲ್ಲ.

ಹಾವಿನ ಮೈ ಒಂದರ ಕೆಳಗೆ ನುಗ್ಗಿ ಇನ್ನೊಂದರ ಮೇಲೆ ಹಾದು ಗಂಟು ಬೀಳುತ್ತದೆ. ಪುಟ್ಟಿ ಬಗ್ಗಿ ನೋಡುತ್ತಿದ್ದಳು. ಇದ್ದಕ್ಕಿದ್ದ ಹಾಗೆ ನನ್ನ ತೋಳು ಹಿಡಿದಳು. "ಅತ್ತೆ, ದಾರ ಹೊಡೆದ ಗೆರೆಗಳು ಒಂದನ್ನೊಂದು ಕತ್ತರಿಸುತ್ತವೆ, ಅಷ್ಟೆ. ಮೇಲೆ ಕೆಳಗೆ ಅಂತ ಇಲ್ಲ. ಹಾವಿಗೆ ಮೈ ಇದೆ. ಅದಕ್ಕೇ ಅದು ಕೆಳಗಿನಿಂದ ಹೋಗಬಹುದು."

ನಾನು ಭಟ್ರನ್ನು ಕೇಳಿದೆ. ಅವರು ತಲೆ ಎತ್ತದೆ ಹೇಳಿದರು. "ಮೈ ಇಲ್ಲದಿದ್ದರೆ ಒಂದು ಇನ್ನೊಂದನ್ನು ಕಡಿದು ಹಾಕುತ್ತದೆ ಅಮ್ಮ. ಮೈ ಇದ್ದರೆ ದಾರಿ ಬಿಡುತ್ತದೆ."

ಪೂಜೆ ಮುಗಿಯುವಾಗ ಹತ್ತೂವರೆ. ಅಷ್ಟು ಹೊತ್ತು ಬರೆದ ಮಂಡಲವನ್ನು ಅಳಿಸಿ ಪುಡಿಯನ್ನು ಪ್ರಸಾದವಾಗಿ ಕೊಟ್ಟರು. ಐದು ಬಣ್ಣವೂ ಸೇರಿ ಮಣ್ಣಿನ ಬಣ್ಣ ಆಗಿತ್ತು.

ಮೂರನೇ ದಿನ, ಸೋಮವಾರ

ಇವತ್ತಿನದು ಸುರಂಗ. ಈ ಪ್ರವಾಸದಲ್ಲಿ ನಾನು ಅತಿ ಹೆಚ್ಚು ಕಾದದ್ದು ಇದಕ್ಕೆ.

ಕಾಸರಗೋಡಿನ ಈ ಗುಡ್ಡೆಗಳಲ್ಲಿ ಬಾವಿ ಅಡ್ಡಕ್ಕೆ ಮಲಗಿರುತ್ತದೆ. ಬಾಯಾರು, ಪಡ್ರೆ, ಪೆರ್ಲ ಕಡೆ ಮನೆ ಮನೆಗೂ ಸುರಂಗ. ಗುಡ್ಡೆಯ ಹೊಟ್ಟೆಗೆ ನೇರವಾಗಿ ಕೊರೆದು ಹೋಗುತ್ತಾರೆ. ಅಗಲ ಒಂದೂವರೆಯಿಂದ ಎರಡು ಅಡಿ, ಎತ್ತರ ಆರು ಅಡಿ. ಉದ್ದವನ್ನು ಕೋಲಿನಲ್ಲಿ ಹೇಳುತ್ತಾರೆ, ಒಂದು ಕೋಲು ಅಂದರೆ ಸುಮಾರು ಎರಡೂವರೆ ಅಡಿ. 300 ಮೀಟರ್ ಒಳಗೆ ಹೋದ ಸುರಂಗಗಳೂ ಇವೆ. ಒಳಗಿನಿಂದ ಬಾಯಿಗೆ ಸಣ್ಣ ಇಳಿಜಾರು ಇಟ್ಟಿರುತ್ತಾರೆ. ನೀರು ತನ್ನಷ್ಟಕ್ಕೆ ಹರಿದು ಹೊರಗಿನ ಮಣ್ಣಿನ ತೊಟ್ಟಿಗೆ ಬಂದು ಬೀಳುತ್ತದೆ. ಪಂಪು ಬೇಡ, ಹಗ್ಗ ರಾಟೆ ಬೇಡ. ಹಿಂದೆ ಅಡಿಕೆ ಮರದ ದಂಬೆಯಲ್ಲಿ ಅದನ್ನು ಮನೆ ಬಾಗಿಲವರೆಗೆ ತರುತ್ತಿದ್ದರು. ಈಗ ಪೈಪು.

ಇದು ಸಾಧ್ಯವಾಗುವುದು ಮುರಕಲ್ಲಿನಿಂದ. ಮಣ್ಣಿನೊಳಗೆ ಇರುವಾಗ ಅದು ಮೆತ್ತಗೆ, ಪಿಕ್ಕಾಸಿಗೆ ಬಗ್ಗುತ್ತದೆ. ಗಾಳಿ ತಾಗಿದ ಮೇಲೆ ಗಟ್ಟಿಯಾಗುತ್ತದೆ. ಹಾಗಾಗಿ ಕೊರೆದ ಗೋಡೆ ಕುಸಿಯದೆ ನಿಲ್ಲುತ್ತದೆ. ಮಲಬಾರಿನಲ್ಲಿ ಈ ಕಲ್ಲನ್ನು ಇಟ್ಟಿಗೆಯ ಹಾಗೆ ಕಡಿದು ಮನೆ ಕಟ್ಟುವುದನ್ನು ನೋಡಿ ಫ್ರಾನ್ಸಿಸ್ ಬುಕಾನನ್ 1807ರಲ್ಲಿ ಇದಕ್ಕೆ ಲ್ಯಾಟರೈಟ್ ಅಂತ ಹೆಸರಿಟ್ಟ. ಲ್ಯಾಟಿನ್ ಭಾಷೆಯಲ್ಲಿ ಲೇಟರ್ ಅಂದರೆ ಇಟ್ಟಿಗೆ. ಒಳಗಿರುವಾಗ ಮೆತ್ತಗಿದ್ದು ಆಕಾರ ಸಿಕ್ಕಿದ ಮೇಲೆ ಗಟ್ಟಿಯಾಗುವ ಕಲ್ಲು! ಹಾಸುನಾಡಿನ ನೆಲವನ್ನು ಇನ್ನು ಮೇಲೆ ಈ ಕಲ್ಲಿನಲ್ಲೇ ಮಾಡುತ್ತೇನೆ.

ದೊಡ್ಡಪ್ಪನ ಸುರಂಗ ಕೊರೆದವರು ಈಗ ಮುದುಕರು. ಕರೆದದ್ದಕ್ಕೆ ಬಂದರು. ಕನ್ನಡ ಮಾತಾಡುವಾಗ ನಡುನಡುವೆ ತುಳು ಬರುತ್ತದೆ.

"ಎಂತ ಅಕ್ಕ, ಹೆದರಿಕೆ ಉಂಟಾ?"

ಉಂಟು ಅಂದೆ. ಅವರು ಮೇಣದ ಬತ್ತಿ ಹಚ್ಚಿ ಮುಂದೆ ಹೊರಟರು. ಟಾರ್ಚ್ ನನ್ನ ಕೈಯಲ್ಲಿತ್ತು. ಬತ್ತಿ ಯಾಕೆ ಅಂದರೆ ಅದು ಗಾಳಿಯ ಲೆಕ್ಕ. ಉರಿ ಸಣ್ಣದಾದರೆ ವಾಪಸು ಬರಬೇಕು. ಆರಿದರೆ ಮಾತಾಡದೆ ಓಡಬೇಕು. ತುಂಬ ಉದ್ದದ ಸುರಂಗವಾದರೆ ಮೇಲಿನಿಂದ ಗಾಳಿಗೆ ತೂತು ಬಿಟ್ಟಿರುತ್ತಾರೆ.

ಒಳಗೆ ಹೆಜ್ಜೆ ಇಟ್ಟ ಕೂಡಲೇ ಹೊರಗಿನ ಸದ್ದೆಲ್ಲ ಹೋಯಿತು. ಹಿಮ್ಮಡಿ ಮುಳುಗುವಷ್ಟು ತಣ್ಣನೆ ನೀರು. ಎರಡೂ ಭುಜ ಗೋಡೆಗೆ ಉಜ್ಜುತ್ತಿತ್ತು. ಗೋಡೆಯ ತುಂಬ ಪಿಕ್ಕಾಸಿನ ಏಟಿನ ಗುರುತು, ಒಂದರ ಪಕ್ಕ ಒಂದು, ಓರೆಯಾಗಿ. ನಲವತ್ತು ವರ್ಷ ಹಿಂದೆ ಹೊಡೆದ ಏಟುಗಳು ಅವು. ಮುದುಕರು ಅದನ್ನು ಬೆರಳಿನಿಂದ ಸವರಿದರು. "ಇದು ನನ್ನದು. ಆ ಕಡೆಯದು ಅಣ್ಣನದು, ಅವನು ಎಡಗೈ."

ಹನ್ನೆರಡು ಕೋಲು ಹೋದ ಮೇಲೆ ಸುರಂಗ ಸ್ವಲ್ಪ ಎಡಕ್ಕೆ ತಿರುಗುತ್ತದೆ. ಯಾಕೆ ಅಂತ ಕೇಳಿದೆ. ಅಲ್ಲಿ ಬಂಡೆ ಸಿಕ್ಕಿತಂತೆ. ಗೋಡೆಗೆ ಕಿವಿ ಕೊಟ್ಟು, ಹೊಡೆದ ಸದ್ದು ಕೇಳಿ, ಒದ್ದೆ ಎಲ್ಲಿ ಜಾಸ್ತಿ ಅಂತ ಮುಟ್ಟಿ ನೋಡಿ ದಾರಿ ಬದಲಿಸಿದರು. ಕೊನೆಗೆ ನೀರು ಒಸರುವ ಗೋಡೆ. ಧಾರೆ ಏನೂ ಇಲ್ಲ. ಕಲ್ಲು ಬೆವರಿದ ಹಾಗೆ, ಎಲ್ಲ ಕಡೆಯಿಂದ, ಬಹಳ ನಿಧಾನ. ಬತ್ತಿಯ ಬೆಳಕಿನಲ್ಲಿ ಗೋಡೆಯೆಲ್ಲ ಮಿನುಗುತ್ತಿತ್ತು. ಪುಟ್ಟಿ ಪಿಸುಮಾತಿನಲ್ಲಿ, "ನಾವೀಗ ಗೆರೆಯ ಒಳಗಿದ್ದೇವೆ" ಅಂದಳು.

ಹೌದಲ್ವಾ! ಗುಡ್ಡೆಯ ನಕ್ಷೆ ಬರೆದು ಅದರಲ್ಲಿ ಈ ಸುರಂಗವನ್ನು ತೋರಿಸಿದರೆ ಸೀಸದ ಕಡ್ಡಿಯ ಒಂದು ಗೆರೆ ಆಗುತ್ತದೆ. ಆ ಗೆರೆಯ ಒಳಗೆ ಮೂವರು ಮನುಷ್ಯರು ನಿಂತಿದ್ದೆವು. ನೀರಿತ್ತು, ಗಾಳಿಯಿತ್ತು, ಸತ್ತುಹೋದ ಒಬ್ಬ ಅಣ್ಣನ ಎಡಗೈ ಏಟಿತ್ತು. ಅಗಲ ಎಷ್ಟು ಅಂದರೆ ಒಬ್ಬ ಮನುಷ್ಯನ ಭುಜದಷ್ಟು. ಕೊರೆಯುವವನ ಮೈ ಹಿಡಿಯುವಷ್ಟು ಅಗಲ, ಅದಕ್ಕಿಂತ ಒಂದು ಇಂಚೂ ಹೆಚ್ಚು ಕೊರೆಯುವುದಿಲ್ಲ. ಹೆಚ್ಚು ಕೊರೆದರೆ ಕೆಲಸ ದಂಡ, ಮೇಲಿನ ಮಣ್ಣು ಬೀಳುವ ಭಯ ಬೇರೆ.

ಹೊರಗೆ ಬಂದು ತೊಟ್ಟಿಯ ಕಟ್ಟೆಯ ಮೇಲೆ ಕೂತು ಬರೆದುಕೊಂಡೆ. ಕೈ ನಡುಗುತ್ತಿತ್ತು, ಚಳಿಗೋ ಖುಷಿಗೋ. ಹಗ್ಗದವರ ಮೊದಲ ಮಾತನ್ನು ಹೊಡೆದು ಹಾಕಿದೆ. ಹೊಸದು ಹೀಗಿದೆ: "ಚುಕ್ಕಿ ಹೊರಟಾಗ ಅದಕ್ಕೆ ಮೈ ಇತ್ತು. ಅದು ಹೋದ ಹಾದಿಗೆ ಆ ಮೈಯ ಅಗಲ ಇದೆ. ಪ್ರತಿ ಗೆರೆಯಲ್ಲೂ ನಡೆದವನು ಹಿಡಿಯುವಷ್ಟು ಜಾಗ ಇದೆ." ಮುದುಕರಿಗೆ ಓದಿ ಹೇಳಿದೆ. "ಅದು ಗೊತ್ತಿರುವುದೇ ಅಲ್ವಾ ಅಕ್ಕ" ಅಂದರು.

ನಾಲ್ಕನೇ ದಿನ, ಮಂಗಳವಾರ

ಬದಿಯಡ್ಕದ ಮೇಲಾಗಿ ಮಧೂರಿಗೆ ಹೋದೆವು. ಬದಿಯಡ್ಕ ದಾಟುವಾಗ ಕವಿ ಕಯ್ಯಾರ ಕಿಞ್ಞಣ್ಣ ರೈಗಳ ನೆನಪಾಗದೆ ಇರುವುದಿಲ್ಲ. 1915ರಲ್ಲಿ ಹುಟ್ಟಿ 2015ರವರೆಗೆ ಬದುಕಿದವರು. ಕಾಸರಗೋಡು ಕರ್ನಾಟಕಕ್ಕೆ ಸೇರಬೇಕು ಅಂತ ಬದುಕಿನ ಉದ್ದಕ್ಕೂ ಹೋರಾಡಿದರು. ಗೆರೆಯ ಮೇಲೆ ನಿಂತವರ ನೋವನ್ನು ಕನ್ನಡದಲ್ಲಿ ಅವರಷ್ಟು ಗಟ್ಟಿಯಾಗಿ ಹಾಡಿದವರು ಕಡಿಮೆ.

ಮಧೂರಿನ ದೇವಸ್ಥಾನ ಮಧುವಾಹಿನಿ ಹೊಳೆಯ ದಡದಲ್ಲಿದೆ. ಗರ್ಭಗುಡಿಯ ಹಿಂಭಾಗ ಆನೆಯ ಬೆನ್ನಿನ ಹಾಗೆ ದುಂಡಗೆ ಬಾಗಿದೆ. ಗಜಪೃಷ್ಠ ಅಂತ ಕರೆಯುತ್ತಾರೆ. ಮುಂದಿನಿಂದ ಬಂದವರಿಗೆ ಚೌಕ, ಪ್ರದಕ್ಷಿಣೆ ಹಾಕುವವರಿಗೆ ವೃತ್ತ. ಚೌಕವನ್ನು ವೃತ್ತ ಮಾಡುವುದು ಹಗ್ಗದವರ ದೊಡ್ಡ ಕನಸು, ಮನೆಯನ್ನು ಆಕಾಶ ಮಾಡುವ ಕೆಲಸ ಅದು. ಬರೀ ಅಳತೆಪಟ್ಟಿ ಮತ್ತು ಕೈವಾರದಿಂದ ವೃತ್ತದಷ್ಟೇ ಕ್ಷೇತ್ರದ ಚೌಕ ಬರೆಯಲು ಸಾಧ್ಯವೇ ಇಲ್ಲ ಎಂದು 1882ರಲ್ಲಿ ಗಣಿತಜ್ಞ ಲಿಂಡೆಮನ್ ಮಾಡಿದ ಸಾಧನೆಯಿಂದ ಖಚಿತವಾಯಿತು. ಮಧೂರಿನ ಬಡಗಿಗಳು, ಕಲ್ಲುಕುಟಿಗರು ಆ ತಂಟೆಗೇ ಹೋಗಲಿಲ್ಲ. ಅರ್ಧ ಚೌಕ, ಅರ್ಧ ವೃತ್ತ ಇಟ್ಟು ಒಂದೇ ಮಾಡಿನ ಕೆಳಗೆ ಕೂರಿಸಿದರು.

ನಾನು ಬಂದದ್ದು ಗಣಪತಿಗಾಗಿ. ಇದು ಮೊದಲು ಮದನಂತೇಶ್ವರನ ಗುಡಿ, ಅಂದರೆ ಶಿವನದು. ಅರ್ಚಕರ ಮನೆಯ ಹುಡುಗ ಆಟವಾಡುತ್ತಾ ಗೋಡೆಯ ಮೇಲೆ ಗಣಪತಿಯ ಚಿತ್ರ ಗೀಚಿದನಂತೆ. ಆ ಚಿತ್ರ ದಿನೇ ದಿನೇ ದಪ್ಪವಾಗುತ್ತಾ ಬಂತು. ಹುಡುಗ ಅದನ್ನು ಬೊಡ್ಡಜ್ಜ ಅಂತ ಕರೆದ. ಹೀಗೆ ಕತೆ. ಈ ಕತೆಯನ್ನು ಚಿಕ್ಕಂದಿನಿಂದ ಕೇಳಿದ್ದೇನೆ. ಇವತ್ತು ಸಾಲಿನಲ್ಲಿ ನಿಂತಾಗ ಬೇರೆ ಥರ ಕೇಳಿಸಿತು. ಒಂದು ಮಗು ಎಳೆದ ಗೆರೆಗೆ ಮೈ ಬಂತು! ಕಣ್ಣಲ್ಲಿ ನೀರು ಬಂತು, ಸುಳ್ಳು ಹೇಳುವುದಿಲ್ಲ. ಪ್ರಸಾದಕ್ಕೆ ಕೊಟ್ಟ ಅಪ್ಪ ಎಂಬ ಸಿಹಿತಿಂಡಿ ಇನ್ನೂ ಬೆಚ್ಚಗಿತ್ತು.

ಮಧ್ಯಾಹ್ನ ಕುಂಬಳೆ ಹತ್ತಿರದ ಅನಂತಪುರ. ಮುರಕಲ್ಲಿನ ಪಾರೆಯ ನಡುವೆ ಚೌಕವಾದ ಕೆರೆ, ಕೆರೆಯ ನಡುವೆ ಗುಡಿ, ಹೋಗಲು ಕಿರುಸೇತುವೆ. ಇಲ್ಲಿದ್ದ ಬಬಿಯಾ ಮೊಸಳೆ 2022ರ ಅಕ್ಟೋಬರಿನಲ್ಲಿ ಸತ್ತಿತು. ಮುಂದಿನ ವರ್ಷ ನವೆಂಬರಿನಲ್ಲಿ ಕೆರೆಯಲ್ಲಿ ಇನ್ನೊಂದು ಕಾಣಿಸಿಕೊಂಡಿತು. ನಮಗೆ ಕಾಣಲಿಲ್ಲ. ಕೆರೆಯ ಮೂಲೆಯಲ್ಲಿ ಒಂದು ಗುಹೆ ಇದೆ. ದೇವರು ಅದರ ಮೂಲಕ ತಿರುವನಂತಪುರಕ್ಕೆ ಹೋದ ಅಂತ ನಂಬಿಕೆ. ಪುಟ್ಟಿ ಅದನ್ನೂ ಸುರಂಗದ ಪಟ್ಟಿಗೆ ಸೇರಿಸಿದಳು.

ವಾಪಸು ಬರುವ ಬಸ್ಸಿನಲ್ಲಿ ಅವಳು ಒಂದು ತಕರಾರು ತೆಗೆದಳು. "ಸಾವಿರ ವರ್ಷದಿಂದ ಅಗಲ ಇಲ್ಲ ಅಂತ ನಂಬಿದ ಹಗ್ಗದವರು ಒಂದು ಸಣ್ಣ ಊರಿಗೋಸ್ಕರ ಅದನ್ನು ಬಿಡುತ್ತಾರಾ? ಅವರು ನೀವಲ್ಲ ಅತ್ತೆ. ಅವರಿಗೆ ಅದು ದೇವರು."

ಒಳ್ಳೆಯ ಪ್ರಶ್ನೆ. ನಾನು ಅವಳಿಗೆ ಖಗೋಳ ವಿಜ್ಞಾನಿ ಕೆಪ್ಲರನ ಕತೆ ಹೇಳಿದೆ. 1595ರಲ್ಲಿ, ಅವನಿಗೆ ಇಪ್ಪತ್ತಮೂರು ವರ್ಷ ಇದ್ದಾಗ, ಗ್ರಹಗಳು ಯಾಕೆ ಆರೇ ಇವೆ ಎಂಬುದಕ್ಕೆ ಉತ್ತರ ಸಿಕ್ಕಿತು ಅಂತ ಅವನು ಕುಣಿದಾಡಿದ. ಆಗ ಗೊತ್ತಿದ್ದದ್ದು ಆರೇ ಗ್ರಹ. ಎಲ್ಲ ಮುಖಗಳೂ ಬದಿ, ಕೋನ ಸಮ ಇರುವ ಒಂದೇ ಆಕಾರದವಾಗಿದ್ದು, ಪ್ರತಿ ಮೂಲೆಯಲ್ಲೂ ಅಷ್ಟೇ ಮುಖ ಸೇರುವ ಘನಾಕೃತಿಗಳು ಐದೇ. ಒಂದರೊಳಗೆ ಒಂದು ಇಟ್ಟರೆ ಆರು ಗ್ರಹಗಳ ನಡುವಿನ ಐದು ಜಾಗ ತುಂಬುತ್ತದೆ. ದೇವರು ಜ್ಯಾಮಿತಿಯಲ್ಲೇ ಯೋಚಿಸಿದ ಅಂತ ಅವನ ಪೂರ್ತಿ ನಂಬಿಕೆ. ಆಮೇಲೆ ಟೈಕೊ ಬ್ರಾಹೆ ಬರೆದಿಟ್ಟ ಮಂಗಳನ ಲೆಕ್ಕ ಕೈಗೆ ಬಂತು. ಮಂಗಳ ವೃತ್ತದಲ್ಲಿ ಸುತ್ತುತ್ತದೆ ಅಂತ ಎಷ್ಟು ಚೆನ್ನಾಗಿ ಹೊಂದಿಸಿದರೂ ಎಂಟು ಕಲೆಯಷ್ಟು ತಪ್ಪು ಉಳಿಯಿತು. ಕಲೆ ಅಂದರೆ ಒಂದು ಡಿಗ್ರಿಯ ಅರವತ್ತರಲ್ಲಿ ಒಂದು ಪಾಲು. ಎಂಟು ಕಲೆ ಅಂದರೆ ಹುಣ್ಣಿಮೆ ಚಂದ್ರನ ಅಗಲದ ಕಾಲು ಭಾಗ. ಬೇರೆಯವರಾಗಿದ್ದರೆ ಬಿಟ್ಟುಬಿಡುತ್ತಿದ್ದರು. ಅವನು ಬಿಡಲಿಲ್ಲ. ಅಷ್ಟು ಪವಿತ್ರವಾದ ವೃತ್ತವನ್ನೇ ಕೈಬಿಟ್ಟ. 1609ರಲ್ಲಿ ಗ್ರಹದ ದಾರಿ ದೀರ್ಘವೃತ್ತ ಅಂತ ಬರೆದ. ಘನಾಕೃತಿಗಳ ಮೇಲಿನ ಪ್ರೀತಿ ಮಾತ್ರ ಕೊನೆಯವರೆಗೂ ಇತ್ತು.

"ಹಾಗಾದರೆ ನಡುವಳ್ಳಿ ಎಂಟು ಕಲೆ," ಅಂದಳು ಪುಟ್ಟಿ. ಹೌದು, ಹಾಗೇ. ಹಗ್ಗದವರಲ್ಲಿ ಒಬ್ಬಳು ಆ ಎಂಟು ಕಲೆಯನ್ನು ಬಿಡದೆ ಹಿಡಿದುಕೊಳ್ಳುವವಳು ಬೇಕು.

ಐದನೇ ದಿನ, ಬುಧವಾರ

ಬೇಕಲ ಕೋಟೆ. ಪುಟ್ಟಿಗೆ ಸಮುದ್ರ ಬೇಕಿತ್ತು. 1650ರ ಸುಮಾರಿಗೆ ಕೆಳದಿಯ ಶಿವಪ್ಪ ನಾಯಕ ಕಟ್ಟಿಸಿದ್ದು, 40 ಎಕರೆ, ಪೂರ್ತಿ ಮುರಕಲ್ಲು. ಬಿಸಿಲು ಜೋರಿತ್ತು. ಕೋಟೆಯ ಬಗ್ಗೆ ಬೇರೆಯವರು ಬೇಕಾದಷ್ಟು ಬರೆದಿದ್ದಾರೆ.

ನನಗೆ ಅಲ್ಲಿ ಸಿಕ್ಕಿದ್ದು ಕಡಲಿನ ಅಂಚು. ವೀಕ್ಷಣಾ ಬುರುಜಿನ ಮೇಲೆ ನಿಂತರೆ ನೀರು ಮತ್ತು ಆಕಾಶ ಸೇರುವ ಗೆರೆ ಸಾಫಾಗಿ ಕಾಣುತ್ತದೆ. ಈ ಐದು ದಿನದಲ್ಲಿ ನೋಡಿದ ಗೆರೆಗಳಲ್ಲಿ ಅಗಲ ಇಲ್ಲದ್ದು ಇದೊಂದೇ. ಅದರ ಮೇಲೆ ಯಾರೂ ನಿಂತಿಲ್ಲ. ದೋಣಿ ಹತ್ತಿರ ಹೋದರೆ ಅದು ಆಚೆ ಹೋಗುತ್ತದೆ. ಹಾಸುನಾಡಿನ ರಾಜರು ಗಡಿಯನ್ನು ಈ ಥರದ ಗೆರೆ ಅಂದುಕೊಂಡಿದ್ದಾರೆ, ದೂರದಲ್ಲಿ ನಿಂತು ನೋಡುವುದರಿಂದ.

ಬರುವಾಗ ಚಂದ್ರಗಿರಿ ಸೇತುವೆಯ ಹತ್ತಿರ ಇಳಿದೆವು. ಕೊಡಗಿನ ಬೆಟ್ಟದಲ್ಲಿ ಹುಟ್ಟಿ ಬರುವ ಹೊಳೆ. ಹಿಂದಿನಿಂದಲೂ ಇದನ್ನು ತುಳುನಾಡಿಗೂ ಮಲಯಾಳ ನಾಡಿಗೂ ನಡುವಿನ ಗಡಿ ಅನ್ನುತ್ತಾರೆ. 1956ರ ನವೆಂಬರ್ 1ಕ್ಕೆ ಗಡಿ ಬೇರೆ ಕಡೆ ಬಿತ್ತು, ಕಾಸರಗೋಡು ಕೇರಳಕ್ಕೆ ಹೋಯಿತು. ಹೊಳೆಯ ಉತ್ತರದ ಭಾಗವನ್ನು ಕರ್ನಾಟಕಕ್ಕೆ ಕೊಡಬೇಕು ಅಂತ 1967ರಲ್ಲಿ ಮಹಾಜನ ಆಯೋಗ ಹೇಳಿತು. ಅದು ಆಗಲಿಲ್ಲ. ದೊಡ್ಡಪ್ಪನಿಗೆ 56ರಲ್ಲಿ ಎಂಟು ವರ್ಷ. ಮನೆ ಅಲ್ಲೇ ಇತ್ತು, ತೋಟ ಅಲ್ಲೇ ಇತ್ತು, ಗೆರೆ ಅವರ ಮೇಲಿನಿಂದ ದಾಟಿ ಹೋಯಿತು. ನಾವು ಹೊಳೆಯ ದಡದಲ್ಲಿ ಸುಮ್ನೆ ಕೂತೆವು. ಮರಳಿನ ಮೇಲೆ ಒಬ್ಬ ಬಲೆ ಹರಡಿ ತೂತು ಹೊಲಿಯುತ್ತಿದ್ದ. ಗಡಿಯಾಗಿದ್ದ ಹೊಳೆಯಲ್ಲಿ ಮೀನು ಹಿಡಿದು ಮನೆ ನಡೆಸುವವನು. ಅವನ ಬಗ್ಗೆ ಪುಸ್ತಕದಲ್ಲಿ ಎರಡು ಪುಟ ಬರೆಯುತ್ತೇನೆ.

ರಾತ್ರಿ ದೊಡ್ಡಬ್ಬೆಗೆ ಎಲ್ಲ ಓದಿ ಹೇಳಿದೆ. ಅವರು ಕೇಳಿದ್ದು ಒಂದೇ, ನಡುವಳ್ಳಿಯ ಹೆಂಗಸರು ಅಂಗಳಕ್ಕೆ ರಂಗೋಲಿ ಹಾಕುತ್ತಾರಾ ಅಂತ. ನಾನು ಅದನ್ನು ಯೋಚಿಸಿಯೇ ಇರಲಿಲ್ಲ. ಹಾಕುತ್ತಾರೆ ದೊಡ್ಡಬ್ಬೆ. ಇನ್ನು ಮೇಲೆ ಹಾಕುತ್ತಾರೆ.

ಆರನೇ ದಿನ, ಗುರುವಾರ

ಬೆಳಗ್ಗೆ ಹೊರಡುವಾಗ ದೊಡ್ಡಪ್ಪ ಅಳತೆಯ ಹಗ್ಗ ತಂದು ಕೈಗೆ ಕೊಟ್ಟರು. ತೆಂಗಿನ ನಾರಿನದು, ಒಂಬತ್ತು ಅಡಿಗೆ ಒಂದರಂತೆ ಗಂಟು. ತೋಟಕ್ಕೆ ಬೇಡವಾ ಅಂದೆ. "ಹೊಸದು ಹೊಸೆಯುತ್ತೇನೆ. ನಿನ್ನ ಹಗ್ಗದವರಿಗೆ ಕೊಡು."

ಪೆರ್ಲದ ಬಸ್‌ಸ್ಟ್ಯಾಂಡಿನಲ್ಲಿ ಅರ್ಧ ಗಂಟೆ ಕಾದೆವು. ಬಸ್ಸಿನಲ್ಲಿ ಹಗ್ಗ ನನ್ನ ಮಡಿಲಲ್ಲಿತ್ತು. ಮೊದಲ ಅಧ್ಯಾಯದ ಹೊಸ ಸಾಲುಗಳನ್ನು ಪುಟ್ಟಿಗೆ ಓದಿ ಹೇಳಿದೆ. ಹಗ್ಗದವರ ಹುಡುಗಿಯೊಬ್ಬಳು ಗಡಿಗೆರೆಯ ಪಕ್ಕ ಮಂಡಿಯೂರಿ, ಅದರ ಅಗಲ ಅಳೆಯಲು ಹಗ್ಗ ಅಡ್ಡ ಹಿಡಿಯುತ್ತಾಳೆ. ಇಷ್ಟು ಕಾಲ ಎಲ್ಲರೂ ಉದ್ದಕ್ಕೇ ಹಿಡಿದಿದ್ದರು.

ಪುಟ್ಟಿ ಕೇಳಿಸಿಕೊಂಡಳು. ಹಗ್ಗ ಎತ್ತಿಕೊಂಡು ಒಂದು ಗಂಟನ್ನು ತಿರುಗಿಸಿ ತಿರುಗಿಸಿ ನೋಡಿದಳು. ಸಾರಡ್ಕ ಹತ್ತಿರ ಬಂದಾಗ ಕೇಳಿದಳು.

"ಅತ್ತೆ, ಗೆರೆಗೆ ಅಗಲ ಇದ್ದರೆ ಅದಕ್ಕೆ ಎರಡು ಅಂಚು ಇರಬೇಕಲ್ವಾ? ಈ ಕಡೆ ಒಂದು, ಆ ಕಡೆ ಒಂದು. ಆ ಅಂಚೂ ಗೆರೆಯೇ. ಅದಕ್ಕೆ ಅಗಲ ಉಂಟಾ?"

ಲೋಟದ ಆ ಕಂದು ಪಟ್ಟಿ ಕಣ್ಣ ಮುಂದೆ ಬಂತು. ಅದಕ್ಕೂ ಹಾಲಿಗೂ ನಡುವೆ ಏನಿತ್ತು? ನೋಡಿರಲಿಲ್ಲ. ಪೆನ್ನು ತೆಗೆದು, ಎರಡನೇ ಅಧ್ಯಾಯ ಅಂತ ಬರೆದು, ಅವಳ ಪ್ರಶ್ನೆಯನ್ನು ಅವಳ ಮಾತಿನಲ್ಲೇ ಇಳಿಸಿದೆ. ಗಡಿಗೆರೆಯ ಪಕ್ಕ ಮಂಡಿಯೂರಿದ ಹುಡುಗಿ ಅದನ್ನು ಗುರುವಿಗೆ ಕೇಳುತ್ತಾಳೆ. ಗುರು ಆ ಸಂಜೆ ಊಟ ಮಾಡುವುದಿಲ್ಲ. ಬಸ್ಸು ಅಡ್ಯನಡ್ಕದಲ್ಲಿ ನಿಂತಿತು. ಕಲ್ಲಡ್ಕಕ್ಕೆ ಇನ್ನೂ ಸ್ವಲ್ಪ ಹೊತ್ತಿತ್ತು, ನಾನು ಬರೆಯುತ್ತಾ ಹೋದೆ.